ಎರ್ಮಿನಿಯೊನ ನಡಿಗೆ

"ಏಯ್ ಲೆಸ್ಟರ್, ಎಡಗಡೆ ಎತ್ತಯ್ಯ! ಭಾವ ಜಾರ್ತಾನೆ!"

ಮೆಟ್ಟಿಲ ತಿರುವಿನಲ್ಲಿ ರೊಕ್ಕೊ ಕೂಗಿದ. ಲೆಸ್ಟರ್ ಎರ್ಮಿನಿಯೊನ ಶವಪೆಟ್ಟಿಗೆಗೆ ಹೆಗಲು ಒತ್ತಿದ. ಗೋಡೆಯ ಮೇಲೆ ಎರ್ಮಿನಿಯೊ ಅಂಗೈ ಊರಿ ಹತ್ತುತ್ತಿದ್ದ ಜಾಗ ಕಪ್ಪಾಗಿತ್ತು.

"ಬದುಕಿದ್ದಾಗ ಇಳಿಯೋಕೆ ಇದಕ್ಕಿಂತ ಹೊತ್ತು ತಗೋತಿದ್ದ," ಎಂದ ರೊಕ್ಕೊ. ಹಿಂದೆ ಹೊತ್ತವರು ಮೆಲ್ಲಗೆ ನಕ್ಕರು. ಲೆಸ್ಟರ್ ತಲೆ ತಗ್ಗಿಸಿದ.

*

ಬ್ರಾಂಕ್ಸಿನ ಒಂದು ಕಾರ್ಟೂನ್ ಸ್ಟುಡಿಯೋದಲ್ಲಿ ಲೆಸ್ಟರ್ ಚಿತ್ರ ಬರೆಯುವವನು, ಎರ್ಮಿನಿಯೊ ತೊಳೆಯುವವನು. ಕ್ಯಾಮೆರಾದ ಕೆಲಸ ಮುಗಿದ ಪಾರದರ್ಶಕ ಸೆಲ್ಯುಲಾಯ್ಡ್ ಹಾಳೆಗಳ ಶಾಯಿ ತೊಳೆದು, ಮತ್ತೆ ಬರೆಯಲು ತಂದುಕೊಡಬೇಕು. ಹಾಳೆಗಳ ಅಟ್ಟಿ ಹೊತ್ತು ಅವನು ಕುಂಟುತ್ತ ಬರುವುದನ್ನು ನೋಡಿ ನೋಡಿಯೇ ಲೆಸ್ಟರ್ ಅದೇ ನಡಿಗೆಯ ಒಂದು ನಾಯಿ ಬರೆದಿದ್ದ. ಮೂಕಿಚಿತ್ರಕ್ಕೆ ಪಿಯಾನೋ ಕುಟ್ಟುವ ಥಿಯೇಟರುಗಳಲ್ಲಿ ಜನ ಹೊಟ್ಟೆ ಹಿಡಿದು ನಕ್ಕರು. ನಾಯಿ ವಾರವಾರವೂ ಬೇಕಾಯಿತು.

ಒಂದು ಮಧ್ಯಾಹ್ನ ಎರ್ಮಿನಿಯೊ ಹಾಳೆಯೊಂದನ್ನು ಕಿಟಕಿಯ ಬೆಳಕಿಗೆ ಹಿಡಿದ.

"ಯಾವ ನಾಯಿ ನೋಡಿ ಬರೆದ್ರಿ, ಸಾರ್?"

"ನಮ್ಮ ಬೀದೀದು."

"ಪಾಪ. ಸೊಂಟ ಬಹಳ ನೋಯುತ್ತೆ ಅದಕ್ಕೆ," ಎಂದು ಹಾಳೆಯನ್ನು ತೊಟ್ಟಿಯಲ್ಲಿ ಮುಳುಗಿಸಿದ.

*

ಮಣ್ಣು ಕೊಟ್ಟು ಬಂದ ಮೇಲೆ, ನೆರೆಯವರು ತಂದ ಸೂಪು ಅಡುಗೆಮನೆಯಲ್ಲಿ ಆರುತ್ತಿತ್ತು. ಎರ್ಮಿನಿಯೊನ ಹೆಂಡತಿ ಅಸ್ಸುಂತಾ ಲೆಸ್ಟರನ ಮುಂದೆ ಬ್ರೆಡ್ ಸುತ್ತಿದ ಕಾಗದವನ್ನೂ ಪೆನ್ಸಿಲನ್ನೂ ಇಟ್ಟಳು.

"ನಾನು ಸಿನಿಮಾ ನೋಡೋಳಲ್ಲ ಕಣಪ್ಪ. ನೀನು ಬರೆದ ಚಿತ್ರ ಎದ್ದು ನಡೆಯುತ್ತೆ ಅಂತ ಇವರು ಹೇಳ್ತಿದ್ರು. ಫೋಟೋದಲ್ಲಿ ಬರೀ ನಿಂತಿದಾರೆ. ಸಂಜೆ ಮನೆಗೆ ಬರ್ತಿದ್ರಲ್ಲ, ಹಾಗೆ ಬರ್ಕೊಡ್ತೀಯಾ?"

ಲೆಸ್ಟರ್ ಪೆನ್ಸಿಲ್ ಎತ್ತಿಕೊಂಡ. ಕಾಗದ ಹರಿದು ಚಿಕ್ಕ ಹಾಳೆಗಳನ್ನು ಮಾಡಿಕೊಂಡ. ಟೋಪಿ, ಕೋಟು, ಬಾಗಿದ ಬೆನ್ನು: ಹಾಳೆಗೊಂದು ಭಂಗಿಯಂತೆ ಮನುಷ್ಯನನ್ನೇ ಬರೆದ. ಆದರೆ ಎಡಗಾಲು ಏಳುವಲ್ಲಿಗೆ ಬಂದಾಗ ಕೈ ತಾನಾಗಿ ಓಡಿತು. ಸೊಂಟ ಚಿಮ್ಮಿತು, ಕೋಟಿನ ತುದಿ ಹಿಂದಕ್ಕೆ ಹಾರಿತು. ಅಳಿಸಿ ಬರೆದ, ಮತ್ತೆ ಅದೇ. ಆ ಕೈಗೆ ಎರ್ಮಿನಿಯೊನನ್ನು ಬೇರೆ ಯಾವ ರೀತಿಯಲ್ಲೂ ನಡೆಸುವುದು ಗೊತ್ತಿರಲಿಲ್ಲ.

ಅಸ್ಸುಂತಾ ಹಾಳೆಗಳನ್ನು ಹೆಬ್ಬೆರಳಿನಿಂದ ಸರಸರನೆ ಬಿಟ್ಟಳು, ಚಿತ್ರ ನಡೆಯಿತು. ಅವಳ ಭುಜದ ಹಿಂದಿನಿಂದ ಬಗ್ಗಿ ನೋಡಿದ ರೊಕ್ಕೊ ಗೊಳ್ಳೆಂದು ನಕ್ಕ.

"ಅಕ್ಕಾ, ಇದು ಸಿನಿಮಾದ ಆ ಕುಂಟುನಾಯಿ ಕಣೇ!"

ನಗು ಅರ್ಧಕ್ಕೆ ನಿಂತಿತು. ಅವನು ಲೆಸ್ಟರನನ್ನು ನೋಡಿದ.

ಅಸ್ಸುಂತಾ ಹಾಳೆಗಳನ್ನು ಒಂದೊಂದಾಗಿ ಹಿಂದಕ್ಕೆ ಮಗುಚಿದಳು. ಮೊದಲನೆಯದರಲ್ಲಿ ಎರ್ಮಿನಿಯೊ ಇನ್ನೂ ಕಾಲು ಎತ್ತಿರಲಿಲ್ಲ. ಅದು ಅಲುಗದಂತೆ ಹೆಬ್ಬೆರಳು ಒತ್ತಿ ಹಿಡಿದಳು.