ಜೋಳದ ಕಾಳಿನ ಹೊಲಿಗೆ

ಸಾವಿರದ ಒಂಬೈನೂರ ಅರವತ್ತೆರಡರ ಆಷಾಢ. ಮಂಗಳವಾರವಾದ್ದರಿಂದ ಯಲವಿಗಿಯ ಮನೆಮನೆಯಲ್ಲೂ ಮಣ್ಣಿನ ದೇವಿ ಗುಳ್ಳವ್ವನನ್ನು ಮಾಡಿ ಕೂರಿಸುವ ಗಡಿಬಿಡಿ; ಮರುದಿನ ಹಳ್ಳಕ್ಕೆ ಬಿಡುವುದು ವಾಡಿಕೆ. ಅನ್ನವ್ವ ಮಬ್ಬುಗತ್ತಲಲ್ಲೇ ಹೊಲಕ್ಕೆ ಓಡಿ ಎರೆಮಣ್ಣು ತಂದಿದ್ದಳು. ನಾದುವ ಕೈ ನಿಲ್ಲುತ್ತಿರಲಿಲ್ಲ.

ಮೈದುನನ ಹೆಂಡತಿ, ನೆಗೆಣ್ಣಿ ಯಂಕವ್ವ ಮರುದಿನದ ರೈಲಿಗೆ ಹುಬ್ಬಳ್ಳಿ ದವಾಖಾನೆಗೆ ಹೋಗಬೇಕು. ಎದೆಯಲ್ಲಿ ಗಂಟು. ಹೋಗುವುದಿಲ್ಲವೆಂದು ಮೂರು ದಿನದಿಂದ ಒಳಕೋಣೆ ಸೇರಿದ್ದಾಳೆ. ಹೋದ ವರ್ಷ ಅನ್ನವ್ವನಿಗೂ ಅದೇ ಗಂಟು, ಅದೇ ದವಾಖಾನೆ. "ಏನ್ ಮಾಡಿದ್ರ ಯಕ್ಕಾ?" ಎಂದು ಯಂಕವ್ವ ಎಷ್ಟು ಸಲ ಕೇಳಿದರೂ ಅನ್ನವ್ವನ ಬಾಯಿಂದ ಮಾತು ಹೊರಡುತ್ತಿರಲಿಲ್ಲ. ಕುಪ್ಪಸ ಬಿಚ್ಚಿ ತೋರಿಸುವುದು ಆಗದ ಮಾತು; ಗಂಡನಿಗೇ ತೋರಿಸಿರಲಿಲ್ಲ.

ಮಣ್ಣಿಗೆ ಮಾತ್ರ ಆಕೆ ಎಲ್ಲವನ್ನೂ ಹೇಳಿದಳು. ಹೆಗಲು ಮೂಡಿತು, ಬಲಗಡೆಯ ಎದೆ ಮೂಡಿತು. ಎಡಗಡೆ ಬಟಾಬಯಲು. ಅಲ್ಲಿ ಕಂಕುಳಿಂದ ಪಕ್ಕೆಲುಬಿನವರೆಗೆ ಜೋಳದ ಕಾಳುಗಳನ್ನು ಓರೆಯಾಗಿ ಒತ್ತುತ್ತ ಹೋದಳು. ಕೊನೆಗೆ ಕಣ್ಣಿಗೆ ಗುಲಗಂಜಿ ಇಟ್ಟಳು.

ಅತ್ತೆ ದುರಗವ್ವ ಬಂದು ನೋಡಿ ಗದ್ದಕ್ಕೆ ಕೈ ಹಚ್ಚಿದಳು. "ಅಯ್ಯ ಇಕೀನ! ಗುಳ್ಳವ್ವನ ಒಂದ್ ಎದಿ ಎಲ್ಲಿ ಹೋತು? ಬೆಕ್ಕು ಒಯ್ತೇನ?"

"ಇಕಿ ನಾನರಿ ಅತ್ತಿ."

ದುರಗವ್ವ ಕುಕ್ಕರಗಾಲಲ್ಲಿ ಕುಂತಳು. ಸೊಸೆಗೆ ಎರಡು ತಿಂಗಳು ಗಂಜಿ ಕುಡಿಸಿದ್ದಳು, ಗಾಯ ಮಾತ್ರ ನೋಡಿರಲಿಲ್ಲ. ಕಾಳಿನ ಸಾಲನ್ನು ಬಹಳ ಹೊತ್ತು ನೋಡಿದಳು.

"ಇಷ್ಟುದ್ದ ಕೊಯ್ದಿದ್ರ? ಹೊಲಿಗಿ ಬ್ಯಾರೆ ಸೊಟ್ಟ ಹಾಕ್ಯಾರ, ಕೈ ಸುಡ್ಲಿ," ಎಂದವಳೇ ಎದ್ದು ಒಳಕೋಣೆಯ ಕದ ಬಡಿದಳು. "ಏ ಯಂಕೀ, ಹೊರಗ ಬಾ! ನಿಮ್ಮಕ್ಕ ಕುಂತಾಳ, ನೋಡು ಬಾ!"

ಯಂಕವ್ವ ಬಂದಳು. ಬೆರಳಿಂದ ಕಾಳುಗಳನ್ನು ಒಂದೊಂದಾಗಿ ಮುಟ್ಟಿದಳು. "ಇಷ್ಟನ?"

"ಇಷ್ಟ," ಎಂದಳು ಅನ್ನವ್ವ. ಕಟ್ಟಿಕೊಂಡಿದ್ದ ಮಾತು ಈಗ ದಬದಬ ಹೊರಬಿತ್ತು. "ಕೊಯ್ಯೂಮುಂದ ಏನೂ ತಿಳೀಲಿಲ್ಲ. ಎಚ್ಚರಾದ ಮ್ಯಾಲ ಬ್ಯಾನಿ, ಸುಳ್ಳು ಹೇಳಂಗಿಲ್ಲ. ಹಾಸಿಗಿ ಹಿಡ್ಕೊಂಡು ಅತ್ತೇನಿ. ಆಮ್ಯಾಲ ದಿನಾ ಇಷ್ಟಿಷ್ಟು ಕಡಿಮಿ ಆತು."

"ಆ ಕಡೀ ಕೈ? ನೀರಿನ ಕೊಡ ಎತ್ತಾಕ ಬರ್ತೈತೇನ?"

ಅನ್ನವ್ವ ಜಿಗಿದೆದ್ದು ಬಚ್ಚಲಿಗೆ ಓಡಿದಳು. ತುಂಬಿದ ಕೊಡವನ್ನು ಎಡಗೈಯಿಂದಲೇ ಎತ್ತಿ ಸೊಂಟಕ್ಕೇರಿಸಿಕೊಂಡು ಬಂದಳು. ಹುರುಪಿನಲ್ಲಿ ಅರ್ಧ ನೀರು ಮತ್ತೆ ನೆಲಕ್ಕೆ ಕುಂತಿದ್ದ ದುರಗವ್ವನ ತಲೆಯ ಮೇಲೆ ಸುರಿಯಿತು.

"ನನ್ನ ಯಾಕ ತೊಯ್ಸಿದಿ, ನಾ ಏನ್ ಎಮ್ಮಿ ಏನ?" ಎಂದು ಮುದುಕಿ ಒದರಿದಳು. ಯಂಕವ್ವನಿಗೆ ಮೂರು ದಿನದಲ್ಲಿ ಮೊದಲ ಸಲ ನಗು ಬಂತು, ನಗುನಗುತ್ತಲೇ ಅತ್ತುಬಿಟ್ಟಳು. ಆಮೇಲೆ ಸೆರಗಿನಿಂದ ಮೂಗೊರೆಸಿಕೊಂಡಳು.

"ಇಕಿನ್ನ ನಾಳೆ ಹಳ್ಳಕ್ಕ ಬಿಡಬ್ಯಾಡ್ರಿ ಅತ್ತಿ. ನಾ ತಿರುಗಿ ಬರೂತನಕ ಇಲ್ಲೇ ಕುಂತಿರ್ಲಿ."

"ಹಸಿ ಮಣ್ಣವಾ. ಅಷ್ಟರಾಗ ಕಾಳು ಮೊಳಕಿ ಒಡದಾವು!"

"ಒಡೀಲಿ ಬಿಡ್ರಿ. ಯಕ್ಕಾ, ನನ್ನ ಹಸರ ಸೀರಿ ಎಲ್ಲಿ ಐತಿ? ರೈಲು ಎಷ್ಟಕ್ಕ?"