ಎರಡನೆಯ ಪ್ರಶ್ನೆಪತ್ರಿಕೆ

ಮಗಳು ಚಪ್ಪಲಿ ಮೆಟ್ಟಿಕೊಂಡು ಗೇಟು ತೆಗೆಯುವಷ್ಟರಲ್ಲಿ ದೊಡ್ಡಪ್ಪ ಓಡಿಬಂದು ಅಡ್ಡ ನಿಂತರು.

“ಅಪ್ಪನ ಹೆಣ ಒಳಗಿದೆ, ನೀನೆಲ್ಲಿಗಮ್ಮ ಹೊರಟೆ?”

“ಪಂಪ್‌ಹೌಸಿಗೆ, ದೊಡ್ಡಪ್ಪ. ಗಡ್ಡದಣ್ಣ ಪಾಳಿಯಲ್ಲಿದ್ದಾರೆ. ಅಲ್ಲಿ ಆಪರೇಟರ್ ನಾನೂ ತಾನೆ, ನಾನು ಬದಲಿ ಹೋಗದೆ ಅವರು ಎದ್ದು ಬರೋ ಹಾಗಿಲ್ಲ. ಅಷ್ಟು ವರ್ಷ ಅಪ್ಪನ ಜೊತೆ ದುಡಿದೋರು, ಕೊನೇ ಸಲ ಮುಖ ನೋಡಬೇಡ್ವಾ?”

ಅಂಗಳದ ಕುರ್ಚಿಯಲ್ಲಿ ಕೂತಿದ್ದ ನೀರು ಸರಬರಾಜಿನ ಮುಖ್ಯಾಧಿಕಾರಿ ತಲೆಯೆತ್ತಿ ನೋಡಿದರು. ಪಂಪು ಓಡುವಾಗ ಆಪರೇಟರ್ ಜಾಗ ಬಿಡಬಾರದು, ಇನ್ನೊಬ್ಬ ಬಂದು ಕೂತ ಮೇಲೇ ಏಳಬೇಕು. ಯಾರಿಗೆ ಏನೇ ಅಡಚಣೆ ಬರಲಿ, ಹೋಗಿ ಕೂರುತ್ತಿದ್ದವನು ಈ ಸತ್ತವನೇ. ಹೆತ್ತವರಿಟ್ಟ ಹೆಸರು ಮರೆತು ಇಲಾಖೆಯೆಲ್ಲ ಅವನನ್ನು ಬದಲಿಯಣ್ಣ ಎಂದೇ ಕರೆಯುತ್ತಿತ್ತು.

“ಬಡ್ತಿ ಪರೀಕ್ಷೆ ಬಂತು ಅಂದ್ರೆ ಎಲ್ಲರಿಗೂ ಇವನೇ ಬೇಕು,” ನಿವೃತ್ತ ಗುಮಾಸ್ತರು ನಿಟ್ಟುಸಿರಿಟ್ಟರು. “ಕೈ ಕೆಸರಾಗಿದ್ದು ಇವನದು, ಬಾಯಿ ಮೊಸರಾಗಿದ್ದು ಮಿಕ್ಕೋರದು.” ಎದುರಿಗೆ ಯಾರಿದ್ದಾರೆಂದು ಆಮೇಲೆ ಹೊಳೆದು, ಇಲ್ಲದ ಕೆಮ್ಮು ಕೆಮ್ಮಿದರು.

*

ಇಪ್ಪತ್ತೆರಡು ವರ್ಷದ ಹಿಂದೆ ಅಧಿಕಾರಿಯೂ ಅದೇ ಪಂಪ್‌ಹೌಸಿನಲ್ಲಿ ಆಪರೇಟರ್ ಆಗಿದ್ದರು. ಓಡುವ ಪಂಪಿನ ಬೇರಿಂಗಿನ ಮೇಲೆ ಅಂಗೈ ಇಟ್ಟು ಅದರ ಅದುರು ತಿಳಿಯಲು ಕಲಿಸಿದವನು ಬದಲಿಯಣ್ಣ. “ಕಿವಿ ಮುಚ್ಚಿಕೊಂಡು ನೋಡೋ, ಪಂಪಿನ ಕಷ್ಟ ಕೈಗೇ ಗೊತ್ತಾಗುತ್ತೆ.”

ಪರೀಕ್ಷೆಯ ಬೆಳಿಗ್ಗೆ ಇಬ್ಬರಲ್ಲಿ ಒಬ್ಬರು ಉಳಿಯಲೇಬೇಕಿತ್ತು.

“ನೀನು ಬರೆದು ಬಾ. ನಂದು ಮುಂದಿನ ಸಲ ಇದ್ದೇ ಇದೆ.”

ಮುಂದಿನ ಸಲ ಇನ್ನೊಬ್ಬ ಹೋದ, ಅದರ ಮುಂದಿನ ಸಲ ಮತ್ತೊಬ್ಬ. ಕೊನೆಗೆ ಬದಲಿಯಣ್ಣ ಅರ್ಜಿ ಕೊಟ್ಟ: ಪರೀಕ್ಷೆ ಎರಡು ದಿನ ಇಡಿ, ಪಾಳಿಯಲ್ಲಿರುವವರೂ ಬರೆಯಲಿ. ಅರ್ಜಿ ಬಂದು ಬಿದ್ದದ್ದು ಅಂದು ಬರೆದು ಬಂದು ಅಷ್ಟರಲ್ಲಿ ಅಧಿಕಾರಿಯಾಗಿದ್ದ ಇವರ ಮೇಜಿನ ಮೇಲೆಯೇ. ಎರಡು ದಿನವೆಂದರೆ ಎರಡು ಪ್ರಶ್ನೆಪತ್ರಿಕೆ, ಇಲ್ಲದ ರಗಳೆ. “ನೋಡೋಣ” ಎಂದರು. ಕಚೇರಿಯಲ್ಲಿ ನೋಡೋಣ ಎಂದರೆ ಏನರ್ಥವೆಂದು ಕಸ ಗುಡಿಸುವವಳಿಗೂ ಗೊತ್ತು. ಆದರೂ ಆ ಪುಣ್ಯಾತ್ಮ ಪ್ರತಿ ಪರೀಕ್ಷೆಗೂ ಒಂದು ಅರ್ಜಿ ಕೊಟ್ಟ, ಆಪರೇಟರ್ ಆಗಿಯೇ ನಿವೃತ್ತನಾದ.

*

“ನೀನಿರಮ್ಮ, ನಾನು ಹೋಗ್ತೀನಿ,” ಅಧಿಕಾರಿ ಎದ್ದರು. “ಮುಂದಿನ ವಾರದ ಪರೀಕ್ಷೆ ಬರೀತೀಯ ತಾನೆ?”

“ಆವತ್ತು ಪಾಳಿ ನಂದೇ ಸರ್.”

“ನಾನೇ ಬದಲಿ ಕೂರ್ತೀನಿ ಬಿಡು.”

“ನನಗೊಬ್ಬಳಿಗೆ ಕೂರ್ತೀರಿ. ಉಳಿದ ಐದು ಪಂಪ್‌ಹೌಸಿನೋರಿಗೆ?” ಅವಳ ದನಿ ಏರಲಿಲ್ಲ. “ಅಪ್ಪ ಕೇಳಿದ್ದು ಬದಲಿ ಅಲ್ಲ ಸರ್.”

ಅಧಿಕಾರಿ ಗೇಟು ದಾಟಿ ಹೊರಟರು.

ಪಂಪ್‌ಹೌಸಿನಲ್ಲಿ ಗಡ್ಡದವನು ಅವರನ್ನು ಕಂಡು ಗಾಬರಿಯಾದ. “ನೀವಾ ಸರ್!” ಎಂದವನೇ ಕಣ್ಣೊರೆಸಿಕೊಳ್ಳುತ್ತ ಓಡಿದ. ಅಧಿಕಾರಿ ಆ ಸವೆದ ಸ್ಟೂಲಿನ ಮೇಲೆ ಕೂತರು.

ಸ್ವಲ್ಪ ಹೊತ್ತಿಗೆ ಕಚೇರಿಯಿಂದ ಫೋನ್ ಬಂತು. “ಪರೀಕ್ಷೆಯ ಆದೇಶಕ್ಕೆ ಸಹಿ ಬೇಕಿತ್ತು ಸರ್. ಒಂದೈದು ನಿಮಿಷ ಬಂದು ಹೋಗ್ತೀರಾ?”

“ಬರೋಕಾಗಲ್ಲ. ಬದಲಿ ಬಂದಿಲ್ಲ.” ತಡೆದು ಹೇಳಿದರು, “ಆದೇಶ ಬದಲಾಯಿಸಿ. ಪರೀಕ್ಷೆ ಎರಡು ದಿನ.”

“ಪ್ರಶ್ನೆಪತ್ರಿಕೆ ಒಂದೇ ಇರೋದು ಸರ್. ಮುಂದಿನ ಸಲ ನೋಡೋಣ ಅಂತ…”

“ನೋಡೋದೆಲ್ಲ ಆಯ್ತು. ಇನ್ನೊಂದು ನಾನು ಬರೀತೀನಿ.”

ಕಿಟಕಿಯಾಚೆ ಸ್ಮಶಾನದ ಗಾಡಿ ನಿಧಾನವಾಗಿ ಹಾದುಹೋಯಿತು. ಹಿಂದೆ ಮಗಳು, ಗಡ್ಡದವನು, ಗುಮಾಸ್ತರು. ಅಧಿಕಾರಿ ಅರ್ಧ ಎದ್ದರು. ಹೆಜ್ಜೆ ಮುಂದಿಡುವ ಹಾಗಿರಲಿಲ್ಲ. ದುಃಖ ಒತ್ತರಿಸಿ ಬಂತು. ಮತ್ತೆ ಕೂತು, ಖಾಲಿ ಹಾಳೆ ಎಳೆದುಕೊಂಡರು. ಎಡ ಅಂಗೈ ಬೇರಿಂಗಿನ ಮೇಲಿಟ್ಟು ಬಲಗೈಯಲ್ಲಿ ಮೊದಲ ಪ್ರಶ್ನೆ ಬರೆದರು: ‘ಪಂಪು ಸರಿಯಾಗಿ ಓಡುತ್ತಿದೆಯೆಂದು ಕಿವಿ ಮುಚ್ಚಿಕೊಂಡೂ ಹೇಗೆ ತಿಳಿಯುವಿರಿ?’