ಕತ್ತರಿಗೆ ಸಿಕ್ಕ ನಗು

ನಾನು ಒಂದು ಅಂಟು ಮೀಸೆ. ಬೆಟ್ಟದ ದೇವರಿಗೆ ಯಾರೋ ಒಪ್ಪಿಸಿದ ಮುಡಿ ಮದರಾಸಿಗೆ ಬಂದು, ಕೋಡಂಬಾಕ್ಕಂನ ಸ್ಟುಡಿಯೋ ಸೇರಿತು. ಅಲ್ಲಿ ಕೋಲಾರದ ಕಡೆಯ ಮೇಕಪ್‌ಮ್ಯಾನ್ ಮುನಿವೆಂಕಟಪ್ಪ ತೆಳು ಬಲೆಯ ಮೇಲೆ ಒಂದೊಂದೇ ಕೂದಲು ಗಂಟು ಹಾಕಿ ನನ್ನನ್ನು ಮಾಡಿದರು. ಹುಟ್ಟುವಾಗಲೇ ನನಗೆ ಗತ್ತು. ನಾಯಕನ ತುಟಿಯ ಮೇಲೇ ಕೂರುತ್ತೇನೆಂದು ಬೀಗಿದ್ದೆ. ಆದರೆ ನಾನು ಸೇರಿದ್ದು ಬಸವಂತಪ್ಪನವರ ಮುಖಕ್ಕೆ.

ಬಸವಂತಪ್ಪ ಧಾರವಾಡದ ಕಡೆಯ ನಾಟಕ ಕಂಪನಿಯಲ್ಲಿ ಹಾಸ್ಯಪಾತ್ರ ಮಾಡುತ್ತಿದ್ದವರು. ಅವರು ನಕ್ಕರೆ ಗೇಟು ಕಾಯುವವನೂ ನಗುತ್ತಿದ್ದನಂತೆ. ಸಿನಿಮಾದವರಿಗೆ ಕಂಡದ್ದು ಮಾತ್ರ ಅವರ ಅಗಲ ಹಣೆ. ಅಮಲ್ದಾರ, ಜಡ್ಜು, ನಾಯಕಿಯ ತಂದೆ, ಯಾವ ಪಾತ್ರವಾದರೂ ಇಂಟರ್‌ವಲ್ ಮುಗಿದು ಸ್ವಲ್ಪ ಹೊತ್ತಿಗೆ ಎದೆ ಹಿಡಿದುಕೊಂಡು ಸಾಯಬೇಕು. ನಗುವ ಹಾಗೇ ಇರಲಿಲ್ಲ. ನಕ್ಕರೆ ನಾನು ಕಿತ್ತು ಬರುತ್ತಿದ್ದೆ.

“ಬಾಯಿ ಬಿಗಿಯಾಗಿ ಇಟ್ಕಳಿ ಯಜಮಾನ್ರೇ, ಮೀಸೆ ಏಳ್ತದೆ” ಎಂದು ಮುನಿವೆಂಕಟಪ್ಪ ದಿನಾ ಹೇಳುತ್ತಿದ್ದರು.

ಆದರೆ ಸ್ಟುಡಿಯೋದಲ್ಲಿ ಒಂದು ಪದ್ಧತಿಯಿತ್ತು. ಸಾವಿನ ದೃಶ್ಯ ತೆಗೆದ ಕೂಡಲೇ ಆ ನಟ ಎದ್ದು ಕ್ಯಾಮೆರಾ ನೋಡಿ ನಗಬೇಕು. ಇಲ್ಲದಿದ್ದರೆ ಅಪಶಕುನ. ಆ ನಗುವನ್ನು ಫಿಲ್ಮಿನಲ್ಲಿ ಹಿಡಿದು, ಆಮೇಲೆ ಎಡಿಟಿಂಗ್‌ನಲ್ಲಿ ಕತ್ತರಿಸಿ ಎಸೆಯುತ್ತಿದ್ದರು. ಬಸವಂತಪ್ಪ ಆ ಗಳಿಗೆಗೇ ಕಾಯುತ್ತಿದ್ದರು. ನಾನು ಒಂದು ಕಡೆ ಜೋತಾಡುತ್ತಿರುವಂತೆ ಅವರು ನಕ್ಕರೆ, ಲೈಟು ಹೊರುವವರೂ ಬಿದ್ದು ಬಿದ್ದು ನಗುತ್ತಿದ್ದರು. ಅಂಥ ನಗು ಒಂದು ಥಿಯೇಟರಿಗೂ ಹೋಗಲಿಲ್ಲವಲ್ಲ ಎಂದು ನನಗೆ ಈಗಲೂ ಹೊಟ್ಟೆ ಉರಿಯುತ್ತದೆ.

ಅವರ ಹೆಂಡತಿ ನೀಲವ್ವ ಗಂಡನ ಒಂದು ಸಿನಿಮಾವನ್ನೂ ನೋಡಿರಲಿಲ್ಲ. ಗಂಡ ಸಾಯುವುದನ್ನು ದುಡ್ಡು ಕೊಟ್ಟು ಯಾರು ನೋಡುತ್ತಾರೆ?

“ಒಂದ್ ಪಿಚ್ಚರ್‌ದಾಗರ ಕಡೀತನಕ ನಕ್ಕೋತ ಕುಂದರಬೇಕು. ಆಕೀನ್ನ ಕರ್ಕೊಂಡು ಹೋಗಬೇಕು” ಎನ್ನುತ್ತಿದ್ದರು ಬಸವಂತಪ್ಪ.

ಕೊನೆಗೂ ಅಂಥ ಪಾತ್ರ ಬಂತು. ಮೊಮ್ಮಗಳ ಮದುವೆಯ ಚಪ್ಪರದಲ್ಲಿ ಕೂತು ನಗುವ ಅಜ್ಜ. ಆ ನಗುವಿನ ಮೇಲೆಯೇ ‘ಶುಭಂ’. ನಗಲು ಜಾಗವಾಗಲಿ ಎಂದು ಮುನಿವೆಂಕಟಪ್ಪ ನನ್ನನ್ನು ನಡುವೆ ಸೀಳಿ ಎರಡು ತುಂಡಾಗಿ ಅಂಟಿಸಿದರು. ನನ್ನ ಗತ್ತು ಹೋಯಿತು, ಆದರೂ ಬೇಜಾರಾಗಲಿಲ್ಲ. ಬಸವಂತಪ್ಪ ಮನಸಾರೆ ನಕ್ಕರು, ನಾನು ಕಿತ್ತು ಬರಲಿಲ್ಲ. ನೀಲವ್ವ ಥಿಯೇಟರಿಗೆ ಬರಲು ಒಪ್ಪಿದರು.

ಚಿತ್ರ ಬಿಡುಗಡೆಗೆ ಮೊದಲು ಹಂಚಿಕೆದಾರರು ನೋಡಿದರು. “ಬಸವಂತಪ್ಪ ಸಾಯ್ದೇ ಇದ್ರೆ ಹೆಂಗಸ್ರು ಅಳೋದು ಯಾವಾಗ ಸ್ವಾಮಿ?” ಎಂದರು. ಆ ನಗುವನ್ನು ಕತ್ತರಿಸಿ, ಚಪ್ಪರವನ್ನು ಮತ್ತೆ ಹಾಕಿಸಿದರು. ಅಜ್ಜ ಅಕ್ಷತೆ ಹಿಡಿದುಕೊಂಡೇ ಕುಸಿದು ಸತ್ತ.

“ಅಣ್ಣಾ, ಎದ್ದು ಒಂದ್ಸಲ ನಕ್ಬಿಡಿ” ಎಂದರು ನಿರ್ದೇಶಕರು.

ಬಸವಂತಪ್ಪ ಎದ್ದು ಕೂತರು. “ಕತ್ತರಿಸಿ ಒಗಿಯೂದಕ್ಕ ಇನ್ನೆಷ್ಟು ನಗಲ್ರೀ?” ಎಂದು, ನನ್ನ ಎರಡೂ ತುಂಡುಗಳನ್ನು ಕಿತ್ತು ಮುನಿವೆಂಕಟಪ್ಪನವರ ಅಂಗೈಯಲ್ಲಿಟ್ಟು ಹೊರಟುಹೋದರು.

ಅಪಶಕುನ ಏನೂ ಫಲಿಸಲಿಲ್ಲ. ಅವರು ಬಹಳ ಕಾಲ ಬದುಕಿದರು. ಆದರೆ ಕ್ಯಾಮೆರಾ ಮುಂದೆ ಸತ್ತ ಮೇಲೆ ನಗದವನನ್ನು ಕರೆಯಲು ನಿರ್ಮಾಪಕರು ಹೆದರಿದರು. ನನಗೂ ಕೆಲಸ ತಪ್ಪಿತು. ಮುನಿವೆಂಕಟಪ್ಪ ನನ್ನನ್ನು ಪೌಡರ್ ಡಬ್ಬಿಯಲ್ಲಿ ಹಾಕಿ ಮನೆಗೆ ಒಯ್ದರು.

ಎಷ್ಟೋ ವರ್ಷಗಳ ಮೇಲೆ ಒಂದು ದಿನ ನೀಲವ್ವ ಆ ಮನೆಗೆ ಬಂದರು. ಹಣೆಯಲ್ಲಿ ಕುಂಕುಮವಿರಲಿಲ್ಲ.

“ಹಾರ ಹಾಕಾಕ ಫೋಟೋ ಬೇಕಾಗಿತ್ರೀ ಅಣ್ಣಾರ. ನಕ್ಕಿದ್ದು ಇದ್ರ ಕೊಡ್ರಿ.”

ಮುನಿವೆಂಕಟಪ್ಪ ಹಳೆಯ ಸ್ಟಿಲ್ಲುಗಳನ್ನೆಲ್ಲ ಚಾಪೆಯ ಮೇಲೆ ಹರಡಿದರು. ಎಲ್ಲದರಲ್ಲೂ ನಾನಿದ್ದೆ. ಎಲ್ಲದರಲ್ಲೂ ಬಾಯಿ ಬಿಗಿದಿತ್ತು.

“ನಕ್ಕಿದ್ದನ್ನೆಲ್ಲ ಕತ್ತರಿಸಿಬಿಟ್ರು ತಾಯಿ” ಎಂದರು.

ನೀಲವ್ವ ಒಂದು ಫೋಟೋ ಎತ್ತಿಕೊಂಡು ನನ್ನ ಮೇಲೆ ಹೆಬ್ಬೆರಳಿಟ್ಟು ಮುಚ್ಚಿ ನೋಡಿದರು. “ಮನ್ಯಾಗ ಇವ್ರು ಮೀಸಿ ಬಿಡ್ತಿರಲಿಲ್ರಿ” ಎಂದು ಅದನ್ನೇ ಸೆರಗಿನಲ್ಲಿ ಸುತ್ತಿಕೊಂಡು ಹೋದರು.

ನಾನು ಎರಡು ತುಂಡಾಗಿ ಈ ಡಬ್ಬಿಯಲ್ಲಿದ್ದೇನೆ. ಅವರ ಮನೆಯ ಗೋಡೆಯ ಮೇಲೆ, ಹಾರದ ಒಳಗೆ, ನಾನಿನ್ನೂ ಇಡಿಯಾಗಿದ್ದೇನೆ. ಅಲ್ಲಿ ಬಸವಂತಪ್ಪ ಈಗಲೂ ನಾನು ಏಳದಂತೆ ಬಾಯಿ ಬಿಗಿದುಕೊಂಡಿದ್ದಾರೆ.